ಕೋಣೆಯ ಸದ್ದು

ಬಾಗಿಲು ಬಡಿಯುತ್ತಿದ್ದುದು ಪ್ರದೀಪನಿಗೆ ಕೇಳಿಸಲಿಲ್ಲ. ಕಿವಿಗೆ ದಪ್ಪನೆಯ ಹೆಡ್‌ಫೋನ್ ಹಾಕಿಕೊಂಡು, ಯಾರೋ ಗಾಯಕಿ ಹಾಡಿನ ನಡುನಡುವೆ ಎಳೆದುಕೊಂಡ ಉಸಿರುಗಳನ್ನು ಅವನು ಒಂದೊಂದಾಗಿ ಕತ್ತರಿಸಿ ತೆಗೆಯುತ್ತಿದ್ದ. ಕೊನೆಗೆ ಎದುರುಮನೆಯ ಯಲ್ಲಕ್ಕ ಕಿಟಕಿಯ ಕಂಬಿಯೊಳಗೆ ಕೋಲು ತೂರಿಸಿ, ಹೊರಗಿನ ಸದ್ದು ಬಾರದಿರಲೆಂದು ಒಳಗಿನಿಂದ ಕಟ್ಟಿದ್ದ ಕೌದಿಯನ್ನು ತಿವಿದಾಗಲೇ ಅವನು ಬೆಚ್ಚಿ ತಲೆ ಎತ್ತಿದ್ದು.

"ಲೇ ಪ್ರದೀಪ, ಹಗಲೊತ್ನಾಗೆ ಎಂಥ ನಿದ್ದೆನಪ್ಪ ನಿಂದು? ಯಾರೋ ಹೆಣ್ಮಗ್ಳು ಆವಾಗ್ಲಿಂದ ಬಿಸಿಲಾಗೆ ನಿಂತವ್ಳೆ."

ಯಲ್ಲಕ್ಕನ ಲೆಕ್ಕದಲ್ಲಿ ಪ್ರದೀಪ ಕೆಲಸವಿಲ್ಲದ ಮನುಷ್ಯ. ಹೊಸದುರ್ಗದ ಆ ಬೀದಿಯಲ್ಲಿ ಬಹುತೇಕರ ಅಭಿಪ್ರಾಯವೂ ಅದೇ. ಬೆಳಿಗ್ಗೆ ಎಂಟಕ್ಕೆ ಹೆಂಡತಿ ದಿವ್ಯಾ ಹೊಳಲ್ಕೆರೆಯ ಹೈಸ್ಕೂಲಿಗೆ ಪಾಠ ಮಾಡಲು ಬಸ್ಸು ಹತ್ತುತ್ತಾಳೆ. ಗಂಡನಾದವನು ಬಾಗಿಲು ಹಾಕಿಕೊಂಡು ಒಳಗೆ ಕೂರುತ್ತಾನೆ. ಕೂತು ಮಾಡುವುದಾದರೂ ಏನು ಎಂದು ಕೇಳಿದರೆ "ಹಾಡು ಚೊಕ್ಕ ಮಾಡ್ತೀನಿ" ಅನ್ನುತ್ತಾನೆ. ಹಾಡೇನು ಅಕ್ಕಿಯೇ, ಕಲ್ಲು ಆರಿಸುವುದಕ್ಕೆ?

ಆದರೆ ಅವನು ಮಾಡುತ್ತಿದ್ದುದು ಹೆಚ್ಚುಕಡಿಮೆ ಕಲ್ಲು ಆರಿಸುವ ಕೆಲಸವೇ. ಬೆಂಗಳೂರಿನ ರೆಕಾರ್ಡಿಂಗ್ ಸ್ಟುಡಿಯೋ ಒಂದರಲ್ಲಿ ಅವನು ನೌಕರ. ಕೊರೊನಾ ಕಾಲದಲ್ಲಿ ಎಲ್ಲರನ್ನೂ ಮನೆಗೆ ಕಳಿಸಿದವರು ಆಮೇಲೆ ಪೂರ್ತಿಯಾಗಿ ವಾಪಸು ಕರೆಯಲೇ ಇಲ್ಲ. ಹದಿನೈದು ದಿನಕ್ಕೊಮ್ಮೆ, ಮಂಗಳವಾರ, ಬಂದು ಮುಖ ತೋರಿಸಿ ಹೋದರೆ ಸಾಕು ಅಂದರು. ಕೊಳಲಿನವನು ಧಾರವಾಡದಲ್ಲಿ, ಗಿಟಾರಿನವನು ಕೊಚ್ಚಿಯಲ್ಲಿ, ಎಲ್ಲರೂ ತಂತಮ್ಮ ಮನೆಯಲ್ಲೇ ನುಡಿಸಿ ಕಳಿಸುತ್ತಾರೆ. ಒಂದೇ ಹಾಡಿನಲ್ಲಿ ಇರುವವರು ಒಬ್ಬರ ಮುಖ ಒಬ್ಬರು ಕಂಡಿರುವುದಿಲ್ಲ. ಹಾಗೆ ಬಂದ ದನಿಗಳಿಂದ ಕೆಮ್ಮು, ಉಸಿರು, ಬಳೆ, ಬೀದಿನಾಯಿ, ಕುಕ್ಕರಿನ ಕೂಗು ಎಲ್ಲವನ್ನೂ ತೆಗೆಯುವುದು ಪ್ರದೀಪನ ಪಾಲಿಗೆ ಬಂದದ್ದು. ಅದರಲ್ಲಿ ಅವನದು ಎತ್ತಿದ ಕೈ. ಆ ಬಗ್ಗೆ ಒಳಗೊಳಗೇ ಜಂಬವೂ ಇತ್ತು.

ಬಾಗಿಲು ತೆರೆದ. ಮೂವತ್ತರ ಆಸುಪಾಸಿನ ಹೆಂಗಸು, ಸೆರಗಿನಿಂದ ಕತ್ತು ಒರೆಸಿಕೊಳ್ಳುತ್ತ ಮೆಟ್ಟಿಲ ಮೇಲೆ ನಿಂತಿದ್ದಳು.

"ನೀವೇನಾ ಅಣ್ಣ, ಹಾಡು ಹಿಡ್ಕಳೋರು? ನಾನು ತಿಪ್ಪಕ್ಕನ ಮಗಳು, ಅನುಸೂಯ ಅಂತ. ಹಿರಿಯೂರಿಂದ ಬಂದೀನಿ."

ತಿಪ್ಪಕ್ಕ ಎಂದ ಕೂಡಲೇ ನೆನಪಾಯಿತು. ಹಾಲುರಾಮೇಶ್ವರಕ್ಕೆ ಹೋಗುವ ಹಾದಿಯಲ್ಲಿ ಎರಡು ಕಿಲೋಮೀಟರ್ ಒಳಗಿನ ಹಳ್ಳಿ, ಸೋಬಾನೆ ಹಾಡುವ ಅಜ್ಜಿ. "ಬರ್ರಿ ಒಳಗೆ, ಕುಂತ್ಕಳ್ರಿ. ಅಜ್ಜಿ ಹೆಂಗವ್ರೆ?" ಎಂದು ಕೇಳಿದ.

"ಹೋಗಿಬಿಟ್ಲು ಅಣ್ಣ. ತಿಂಗಳ ಮ್ಯಾಲಾತು. ದಮ್ಮು ಇತ್ತಲ್ಲ."

ಪ್ರದೀಪ ಒಳಗೆ ಹೋದ. ನೀರು ತಂದುಕೊಟ್ಟ. ಅವಳು ಕುಡಿದು, ಲೋಟವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡೇ ಬಂದ ವಿಷಯ ಹೇಳಿದಳು. ಅವ್ವನ ಬಳಿ ಇದ್ದದ್ದು ಬಟನ್ ಫೋನು, ಹಾಗಾಗಿ ದನಿ ಎಲ್ಲೂ ಉಳಿದಿಲ್ಲ. ಆಲ್ಬಮ್ಮಿನ ಹಾಡು ಮೊಬೈಲಿನಲ್ಲಿ ಕೇಳಿದ್ದಾಳೆ. ಅದು ಬೇಡ.

"ಹಾಡು ಊರೋರೆಲ್ಲಾ ಹೇಳ್ತಾರೆ, ಅದು ಅವ್ವಂದೊಂದೇ ಅಲ್ಲ. ನನಗೆ ಅವ್ಳಾಡಿದ ಮಾತು ಬೇಕಾಗಿತ್ತು. ನೀವು ಬಂದೋದ ದಿನ ಸಂಜೀಕೆ ಫೋನ್ ಮಾಡಿದ್ಲು. 'ಮಿಷನ್ನಾಗೆ ಎಲ್ಲಾ ಹೇಳೀನಿ ಕಣೆ, ನಿನ್ ಮದುವಿ ದಿನದ್ದೂ ಹೇಳೀನಿ, ಬೇಕಾದ್ರೆ ಹೋಗಿ ಕೇಳು' ಅಂದ್ಲು. ಏನ್ ಹೇಳಿದ್ಯವ್ವ ಅಂದ್ರೆ, 'ನಿನ್ ಎದ್ರಿಗೆ ಹೇಳೋಕಾಗಲ್ಲ ಅಂತ ತಾನೆ ಮಿಷನ್ನಿಗೆ ಹೇಳಿರಾದು' ಅಂದು ನಕ್ಕಂಡು ಇಟ್ಟುಬಿಟ್ಲು. ಅವತ್ತೇ ಬರಬೇಕಾಗಿತ್ತು ನಾನು."

"ಮದುವೆ ದಿನ ಏನಾಗಿತ್ತು?"

ಅನುಸೂಯ ಲೋಟ ಕೆಳಗಿಟ್ಟಳು. ಆಮೇಲೆ ಹೇಳಿದಳು. ಮದುವೆ ಹಿರಿಯೂರಿನ ಛತ್ರದಲ್ಲಿ ನಡೆದದ್ದು. ಗಂಡಿನ ಗೆಳೆಯರು ಡಿಜೆ ಕರೆಸಿದ್ದರು. ಧಾರೆಗೆ ಮುಂಚೆ ತಿಪ್ಪಕ್ಕ ಊರಿನ ನಾಲ್ಕು ಹೆಂಗಸರನ್ನು ಕೂಡಿಸಿಕೊಂಡು ಸೋಬಾನೆ ಎತ್ತಿದಳು. ಆ ಹುಡುಗರು ನಕ್ಕರು, ಒಬ್ಬ ಅಣಕಿಸಿ ಕುಣಿದ. ಮದುಮಗಳಿಗೆ ಅವಮಾನವಾಯಿತು. ಅವಳು ಎಲ್ಲರ ಮುಂದೆ ಹಸೆಮಣೆಯ ಮೇಲಿಂದಲೇ ತಾಯಿಯನ್ನು ಗದರಿ ಹಾಡು ನಿಲ್ಲಿಸಿದಳು. ಆಮೇಲಿನ ಏಳು ವರ್ಷ ತಾಯಿ ಮಗಳು ಚೆನ್ನಾಗಿಯೇ ಇದ್ದರು. ತಾಯಿ ಹಬ್ಬಕ್ಕೆ ಕರೆಯುತ್ತಿದ್ದಳು, ಬಾಣಂತನ ಮಾಡಿದಳು. ಆದರೆ ಮಗಳಿದ್ದ ಕಡೆ ತಿಪ್ಪಕ್ಕ ಮತ್ತೆ ಒಂದು ಸೊಲ್ಲು ಹಾಡಲಿಲ್ಲ. ಮೊಮ್ಮಗುವಿಗೆ ಜೋಗುಳ ಕೂಡ ಇಲ್ಲ.

"ಬೈದವ್ಳೋ ಬಿಟ್ಟವ್ಳೋ ಗೊತ್ತಾಗ್ಬೇಕು ಅಣ್ಣ. ಬೈದಿದ್ರೂ ಪರ್ವಾಗಿಲ್ಲ."

ಪ್ರದೀಪ ಆಗಲೇ ಹೇಳಿಬಿಡಬಹುದಿತ್ತು. ಬಾಯಿ ಬರಲಿಲ್ಲ. "ಹುಡುಕಿ ನೋಡ್ತೀನಿ. ಮುಂದಿನ್ ಭಾನುವಾರ ಆದ್ಮೇಲಿನ್ ಭಾನುವಾರ ಬರ್ರಿ" ಎಂದು ಕಳಿಸಿದ. ಹುಡುಕುವುದಕ್ಕೆ ಏನೂ ಇಲ್ಲ ಎಂಬುದು ಅವನಿಗೆ ಗೊತ್ತಿತ್ತು.

ಎಂಟು ತಿಂಗಳ ಹಿಂದಿನ ಮಾತು. ಸ್ಟುಡಿಯೋದವರು ಸೋಬಾನೆ ಪದಗಳ ಆಲ್ಬಮ್ಮಿಗೆ ಕೈಹಾಕಿದ್ದರು. "ನೀನು ಅಲ್ಲೇ ಇದ್ದೀಯಲ್ಲ, ಹೋಗಿ ರೆಕಾರ್ಡ್ ಮಾಡಿಕೊಂಡು ಬಾ" ಎಂದು ಸ್ಟುಡಿಯೋ ನೋಡಿಕೊಳ್ಳುವ ಅನುಪಮಾ ಮೇಡಂ ಫೋನಿನಲ್ಲೇ ಒಪ್ಪಿಸಿದ್ದರು. ಪ್ರದೀಪ ಮೈಕು, ಲ್ಯಾಪ್‌ಟಾಪು ಹೊತ್ತುಕೊಂಡು ತಿಪ್ಪಕ್ಕನ ಮನೆಗೆ ಹೋದ. ಫ್ಯಾನ್ ಆರಿಸಿದ, ಮೇಕೆಯನ್ನು ಪಕ್ಕದ ಮನೆಗೆ ಸಾಗಿಸಿದ, ಮುದುಕಿಯ ಬಳೆಗಳಿಗೆ ಟವೆಲ್ ಸುತ್ತಿದ. ಅವಳು ಎಲ್ಲಕ್ಕೂ ಒಗ್ಗಿಕೊಂಡಳು. ಒಂದಕ್ಕೆ ಮಾತ್ರ ಒಗ್ಗಲಿಲ್ಲ.

"ಉಳಿದೋರು ಎಲ್ಲವ್ರಪ್ಪ?" ಎಂದಳು.

"ಯಾರಜ್ಜಿ?"

"ಸೊಲ್ಲು ಎತ್ಕಳೋರು. ನಾನೊಂದು ಸಾಲು ಹೇಳಿದ್ರೆ ಹಿಂದೆ ಅದನ್ನ ಎತ್ಕಳೋರು ಬ್ಯಾಡ್ವಾ?"

"ಅದನ್ನ ಬೆಂಗ್ಳೂರಾಗೆ ಬ್ಯಾರೆ ಹಾಡಿಸ್ಕಂತಾರೆ. ನೀವು ಒಬ್ರೇ ಹೇಳ್ರಿ."

ತಿಪ್ಪಕ್ಕ ಒಬ್ಬಳೇ ಹೇಳಿದಳು. ಆದರೆ ಐವತ್ತು ವರ್ಷದ ರೂಢಿ ಎಲ್ಲಿ ಹೋಗುತ್ತದೆ! ಒಂದು ಸಾಲು ಮುಗಿದ ಕೂಡಲೇ, ಹಿಂದಿನವರು ಅದನ್ನು ಎತ್ತಿಕೊಳ್ಳಲಿ ಎಂದು ನಿಲ್ಲಿಸಿಬಿಡುತ್ತಿದ್ದಳು. ಯಾರೂ ಎತ್ತಿಕೊಳ್ಳುತ್ತಿರಲಿಲ್ಲ. ಆ ಖಾಲಿಯಲ್ಲಿ ಸುಮ್ಮನೆ ಕೂರುವುದು ಅವಳಿಂದ ಆಗದೆ ಮಾತು ಶುರುಮಾಡುತ್ತಿದ್ದಳು. ಈ ಪದ ಯಾರ ಮದುವೆಯಲ್ಲಿ ಕಲಿತದ್ದು, ಯಾರು ಅತ್ತರು, ಹೀಗೆ ಏನೇನೋ. ಪ್ರದೀಪ ನಾಲ್ಕಾರು ಸಲ "ಅಜ್ಜಿ, ನಡುವೆ ಮಾತಾಡ್ಬೇಡ್ರಿ" ಅಂದ. "ಆತಪ್ಪ" ಎಂದು ಒಪ್ಪಿಕೊಂಡು, ಮುಂದಿನ ಸಾಲಿನ ನಂತರ ಮತ್ತೆ ಅದೇ. ಕೊನೆಗೆ ಹೇಳುವುದನ್ನೇ ಬಿಟ್ಟ. ಹೇಗೂ ಕತ್ತರಿಸುವವನು ತಾನೇ.

ಕತ್ತರಿಸಿದ. ಪರದೆಯ ಮೇಲೆ ಹಾಡು ಒಂದು ಥರ ಕಾಣುತ್ತದೆ, ಮಾತು ಇನ್ನೊಂದು ಥರ. ಅನುಭವಸ್ಥನಿಗೆ ಕೇಳುವ ಅಗತ್ಯವೇ ಇಲ್ಲ, ಆಕಾರ ನೋಡಿಯೇ ತೆಗೆಯಬಹುದು. ಎರಡೂವರೆ ಗಂಟೆಯ ರೆಕಾರ್ಡಿಂಗು ಹದಿನೆಂಟು ನಿಮಿಷಕ್ಕೆ ಇಳಿಯಿತು. ಮೂಲ ಫೈಲುಗಳನ್ನು ಬೆಂಗಳೂರಿಗೆ ಕಳಿಸಿ, ನಿಯಮದ ಪ್ರಕಾರ ತನ್ನ ಲ್ಯಾಪ್‌ಟಾಪಿನಿಂದ ಅಳಿಸಿಹಾಕಿದ.

ಆದರೂ ಪ್ರಯತ್ನ ಬಿಡಲಿಲ್ಲ. ಚಿತ್ರದುರ್ಗಕ್ಕೆ ಹೋಗಿ, ಕಂಪ್ಯೂಟರ್ ರಿಪೇರಿಯ ಉಮೇರನ ಅಂಗಡಿಯಲ್ಲಿ ಅರ್ಧ ದಿನ ಕೂತ. ಉಮೇರ ಏನೇನೋ ಓಡಿಸಿ ನೋಡಿ ತಲೆಯಾಡಿಸಿದ.

"ಹಳೇ ಥರದ ಡಿಸ್ಕ್ ಆಗಿದ್ರೆ ಏನಾದ್ರೂ ಮಾಡ್ಬೋದಿತ್ತು ಅಣ್ಣ. ಇದ್ರಾಗೆ ಒಂದ್ಸಲ ಹೋದ್ರೆ ಹೋಯ್ತು. ಅದ್ರ ಮ್ಯಾಲೆ ನೀವು ಎಂಟು ತಿಂಗ್ಳು ಬ್ಯಾರೆ ಕೆಲ್ಸ ಮಾಡೀರಿ. ಎಲ್ಲಿ ಉಳಿತೈತೆ?"

ಮಂಗಳವಾರ ಬೆಂಗಳೂರಿಗೆ ಹೋದ. ಆಫೀಸಿನ ಕುರ್ಚಿಗಳು ಅರ್ಧಕ್ಕರ್ಧ ಖಾಲಿ. ಅನುಪಮಾ ಮೇಡಂ ಕೊಚ್ಚಿಯ ಗಿಟಾರಿನವನ ಜೊತೆ ವಿಡಿಯೋ ಕಾಲಿನಲ್ಲಿದ್ದರು. ಮುಗಿಯುವವರೆಗೂ ಕಾದು ವಿಷಯ ಹೇಳಿದ.

"ಅಯ್ಯೋ ಪಾಪ" ಎಂದರು ಅವರು, ನಿಜವಾಗಿಯೇ. "ಆದರೆ ಮೂಲ ಫೈಲುಗಳು ತೊಂಬತ್ತು ದಿನಕ್ಕೆ ತಾನಾಗೇ ಹೋಗಿಬಿಡುತ್ತವೆ, ನಿನಗೇ ಗೊತ್ತಲ್ಲ. ಫೈನಲ್ ಇದೆಯಲ್ಲ, ಅದನ್ನು ಕೊಡು. ಎಷ್ಟು ಕ್ಲೀನಾಗಿ ಮಾಡಿದ್ದೀಯ ಪ್ರದೀಪ್ ಅದನ್ನ! ಹೊಸದಾಗಿ ಸೇರಿದವರಿಗೆಲ್ಲ ನಾವು ಅದನ್ನೇ ಕೇಳಿಸ್ತೀವಿ, ಕೆಲಸ ಅಂದ್ರೆ ಹೀಗಿರಬೇಕು ಅಂತ."

ವಾಪಸು ಬರುವ ಬಸ್ಸಿನಲ್ಲಿ ಆ ಫೈನಲ್ಲನ್ನು ಹಾಕಿಕೊಂಡು ಕೇಳಿದ. ತಿಪ್ಪಕ್ಕನ ಸಾಲು ಮುಗಿಯುತ್ತಿದ್ದಂತೆ ಬೆಂಗಳೂರಿನ ಹುಡುಗಿಯರು ಠಾಕುಠೀಕಾಗಿ ಎತ್ತಿಕೊಳ್ಳುತ್ತಿದ್ದರು. ಎಲ್ಲೂ ತಡವರಿಕೆ ಇಲ್ಲ, ಒಂದು ಉಸಿರಿಲ್ಲ. ಹಾಡುತ್ತಿರುವವಳು ಬದುಕಿದ್ದ ಹೆಂಗಸು ಎನ್ನುವುದಕ್ಕೇ ಅದರಲ್ಲಿ ಸಾಕ್ಷಿ ಇರಲಿಲ್ಲ. ಹಿರಿಯೂರು ದಾಟುವವರೆಗೂ ಅವನು ಆ ದಿನದ ಮಾತುಗಳನ್ನು ನೆನಪಿಸಿಕೊಳ್ಳಲು ಹೆಣಗಿದ. ಮುದುಕಿಯ ಬಾಯಿ ಆಡುತ್ತಿದ್ದುದು ಕಣ್ಣಿಗೆ ಕಟ್ಟಿತು; ಟವೆಲ್ ಸುತ್ತಿದ ಕೈಗಳನ್ನು ಎತ್ತೆತ್ತಿ ಏನೋ ಹೇಳುತ್ತಿದ್ದಳು, ಒಂದು ಸಲ ಕಣ್ಣೊರೆಸಿಕೊಂಡದ್ದೂ ನೆನಪಾಯಿತು. ಮಾತು ಒಂದೂ ಬರಲಿಲ್ಲ. ಅವಳೆದುರು ಕೂತು, ಎರಡೂ ಕಿವಿಗೆ ಹೆಡ್‌ಫೋನ್ ಏರಿಸಿಕೊಂಡು, ಪ್ರತಿ ಅಕ್ಷರವೂ ತನ್ನ ಕಿವಿಯೊಳಗೇ ಬೀಳುತ್ತಿದ್ದರೂ ತಾನು ಕೇಳಿಸಿಕೊಂಡಿರಲಿಲ್ಲ. ಅವನಿಗೆ ನಾಚಿಕೆಯಾಯಿತು.

ಮನೆಯಲ್ಲಿ ದಿವ್ಯಾ ಎಲ್ಲವನ್ನೂ ಕೇಳಿ ಹೇಳಿದಳು. "ಏನಾದ್ರೂ ಒಂದು ಒಳ್ಳೇ ಮಾತು ಹೇಳಿ ಕಳ್ಸ್ರಿ. ಅಷ್ಟು ವರ್ಷ ಆದ್ಮೇಲೆ ಯಾವ ತಾಯಿ ಮಗಳಿಗೆ ಬಯ್ತಾಳೆ? ಅಂಥದ್ದೇ ಏನೋ ಅಂದಿರ್ತಾರೆ. ಅದು ಸುಳ್ಳೂ ಆಗಲ್ಲ."

ಭಾನುವಾರ ಅನುಸೂಯ ಬಂದಾಗ ಹನ್ನೊಂದು ಗಂಟೆ. ಅವಳ ಗಂಡ ಹಿರಿಯೂರಿನ ತೆಂಗಿನಕಾಯಿ ಮಂಡಿಯಲ್ಲಿ ಕೆಲಸಕ್ಕಿದ್ದ. ಚೀಲದಲ್ಲಿ ನಾಲ್ಕು ಕಾಯಿ ತಂದಿದ್ದಳು. ದಿವ್ಯಾ ಟೀ ಇಟ್ಟು ಅಡುಗೆಮನೆಯ ಬಾಗಿಲಲ್ಲಿ ನಿಂತಳು. ಪ್ರದೀಪ ಉರುಹೊಡೆದಿಟ್ಟುಕೊಂಡಿದ್ದನ್ನು ಶುರುಮಾಡಿದ.

"ಫೈಲು ಸಿಗ್ಲಿಲ್ಲಮ್ಮ. ಆದ್ರೆ ಅಜ್ಜಿ ಹೇಳಿದ್ದು ನನಗೆ ನೆನಪೈತೆ. ಮದುವೆ ದಿನದ್ದು ಮನಸ್ನಾಗೆ ಇಟ್ಕಂಡಿಲ್ಲ ಅಂದ್ರು. ನನ್ ಮಗ್ಳು ಅನುಸೂಯ ಬಂಗಾರದಂಥೋಳು, ಅವತ್ತು ಏನೋ ಹುಡುಗಾಟ್ಕೆ ಮಾಡಿದ್ಲು, ಅನುಸೂಯ ಚೆನ್ನಾಗಿದ್ರೆ ಸಾಕು ಅಂದ್ರು."

ಅನುಸೂಯ ಅವನ ಮುಖವನ್ನೇ ನೋಡಿದಳು. ಕೋಪ ಬಂದಂತೆ ಕಾಣಲಿಲ್ಲ.

"ನಮ್ಮವ್ವ ನನ್ನ ಅನುಸೂಯ ಅಂತ ಒಂದಿನಾನೂ ಕರೆದೋಳಲ್ಲ ಅಣ್ಣ. ಸಣ್ಣಿ ಅಂತಿದ್ಲು. ಯಾರ್ ಕೇಳಿದ್ರೂ ನಮ್ ಸಣ್ಣಿ ಅಂತಾನೇ ಅನ್ನಾದು."

ಅಡುಗೆಮನೆಯ ಬಾಗಿಲಿನಿಂದ ದಿವ್ಯಾ ಒಳಗೆ ಸರಿದಳು. ಪ್ರದೀಪ ತಲೆ ತಗ್ಗಿಸಿದ. ಬಚ್ಚಿಡುವುದಕ್ಕೆ ಇನ್ನೇನೂ ಉಳಿದಿರಲಿಲ್ಲ.

"ನಾನೇ ಅಳಿಸಿಬಿಟ್ಟೆ" ಎಂದ. "ಅವ್ರು ಮಾತಾಡಿದ್ದು ಹಾಡಿಗೆ ಬೇಡ ಅಂತ ಕತ್ತರಿಸಿದೋನು ನಾನೇ. ಏನ್ ಹೇಳಿದ್ರು ಅಂತ ನನಗೆ ಗೊತ್ತಿಲ್ಲ. ಕೇಳ್ಲೇ ಇಲ್ಲ ನಾನು."

ಅವಳು ಬಹಳ ಹೊತ್ತು ಚೀಲದ ಹಿಡಿಯನ್ನು ಸುತ್ತುತ್ತ ಬಿಚ್ಚುತ್ತ ಕೂತಿದ್ದಳು. ಟೀ ಮೇಲೆ ಕೆನೆಗಟ್ಟಿತು.

"ಕೆಮ್ಮಿದ್ದಾದ್ರೂ ಇಲ್ವಾ ಅಣ್ಣ? ಅವ್ಳು ಕೆಮ್ಮೋ ಸದ್ದಾದ್ರೂ? ಅದಾದ್ರೂ ಸಾಕಾಗಿತ್ತು."

ಆಗ ಹೊಳೆಯಿತು. ಹೊಸ ಜಾಗದಲ್ಲಿ ರೆಕಾರ್ಡ್ ಮಾಡುವ ಮುನ್ನ, ಯಾರೂ ಮಾತಾಡದೆ ಕೂತು, ಆ ಕೋಣೆಯ ಬರಿಯ ಸದ್ದನ್ನು ನಲವತ್ತು ಸೆಕೆಂಡು ಹಿಡಿದಿಟ್ಟುಕೊಳ್ಳುವುದು ಅವನ ಕೆಲಸದ ಪದ್ಧತಿ. ಅದನ್ನು ಕಂಪ್ಯೂಟರಿಗೆ ಕೇಳಿಸಿದರೆ, ಇದು ಬೇಡದ ಸದ್ದು ಎಂದು ಗುರುತಿಟ್ಟುಕೊಂಡು ಹಾಡಿನ ತುಂಬ ಅದನ್ನು ಹುಡುಕಿ ಒರೆಸಿಹಾಕುತ್ತದೆ. ಮತ್ತೆ ಅದೇ ಜಾಗಕ್ಕೆ ಹೋಗಬೇಕಾಗಿ ಬಂದರೆ ಇರಲಿ ಎಂದು ಅವನು ಅಂಥ ತುಣುಕುಗಳನ್ನು ಬೇರೆಯಾಗಿ ಎತ್ತಿಡುತ್ತಿದ್ದ. ಯಾರಿಗೂ ಬೇಡವಾದ್ದರಿಂದ ಅವು ಯಾವ ನಿಯಮಕ್ಕೂ ಸಿಕ್ಕಿರಲಿಲ್ಲ.

ಒಳಕೋಣೆಗೆ ಕರೆದುಕೊಂಡು ಹೋಗಿ ಕುರ್ಚಿ ಕೊಟ್ಟ. ಹುಡುಕಿದ. ಇತ್ತು. ನಲವತ್ತೇ ಸೆಕೆಂಡು. ಸ್ಪೀಕರಿಗೆ ಹಾಕಿದ.

ಮೊದಲು ಬಂದದ್ದು ಅವನದೇ ದನಿ. "ಅಜ್ಜಿ, ಈಗ ಸುಮ್ನೆ ಇರ್ಬೇಕು. ಸ್ವಲ್ಪಾನೂ ಸದ್ದು ಮಾಡ್ಬಾರ್ದು." ಆಮೇಲೆ ಏನೂ ಇಲ್ಲ. ದೂರದಲ್ಲಿ ಎಲ್ಲೋ ಮೋಟಾರು, ಒಂದು ಕೋಳಿ.

ಆ ಗಳಿಗೆ ಪ್ರದೀಪನಿಗೆ ಈಗ ಸ್ಪಷ್ಟವಾಗಿ ನೆನಪಾಯಿತು. ರೆಕಾರ್ಡಿಂಗ್ ಒತ್ತುವ ಮುಂಚೆಯೂ ಅವನು ಅದನ್ನೇ ಹೇಳಿದ್ದ, ಆಗ ಮುದುಕಿ ಕೇಳಿದ್ದಳು, "ಉಸಿರೂ ಬಿಡಬಾರ್ದೇನಪ್ಪ?" ಅವನು ತಂತಿ ಸರಿಮಾಡುತ್ತ, ತಮಾಷೆಗೆ, "ಬಿಡದಿದ್ರೆ ಇನ್ನೂ ಒಳ್ಳೇದು" ಎಂದಿದ್ದ. ಅವಳು ಅದನ್ನು ತಮಾಷೆ ಎಂದುಕೊಂಡಿರಲಿಲ್ಲ.

"ಎಲ್ಲೈತೆ?" ಎಂದಳು ಅನುಸೂಯ ಪಿಸುದನಿಯಲ್ಲಿ. "ಅವ್ವ ಎಲ್ಲವ್ಳೆ ಇದ್ರಾಗೆ?"

ಅವನು ಪರದೆಯ ಕಡೆ ಬೆರಳು ತೋರಿಸಿದ. ಮೂವತ್ತನಾಲ್ಕನೇ ಸೆಕೆಂಡಿನಲ್ಲಿ ಚಪ್ಪಟೆಯಾಗಿದ್ದ ಗೆರೆ ಒಮ್ಮೆಲೇ ಉಬ್ಬಿತು. ಕಟ್ಟಿಟ್ಟಿದ್ದ ಉಸಿರು ಒಡೆದು ಹೊರಬಿತ್ತು. ಸುಯ್ ಎಂದು ಎದೆಯೊಳಗಿನಿಂದ ದಮ್ಮಿನ ಸದ್ದು, ಮತ್ತೆ ಆತುರಾತುರವಾಗಿ ಒಂದು, ಇನ್ನೊಂದು. ಅಷ್ಟರಲ್ಲಿ ಪ್ರದೀಪನ ದನಿ "ಆಯ್ತು, ಸಾಕು" ಅಂದಿತು. ಮುಗಿಯಿತು. ಅಳಿಸುವುದಕ್ಕೆ ಅವನು ಬಳಸಿಕೊಂಡದ್ದು ಅದಕ್ಕೆ ಮುಂಚಿನ ಮಾತಿಲ್ಲದ ಭಾಗವನ್ನು ಮಾತ್ರ. ಕೊನೆಯದ್ದು ಕೆಟ್ಟಿದೆ ಎಂದು ಬಿಟ್ಟಿದ್ದ.

ಅನುಸೂಯ ಕಣ್ಣು ಒರೆಸಿಕೊಳ್ಳಲಿಲ್ಲ, ಹಾಗೇ ಹರಿಯಲು ಬಿಟ್ಟಳು.

"ಅವ್ವಂದೇ" ಎಂದಳು. "ಉಸಿರು ಹಿಡ್ಕಂಡು ಕುಂತವ್ಳೆ." ಆಮೇಲೆ, ಅವನಿಗಲ್ಲ, ಎದುರಿನ ಕೌದಿಗೆ ಹೇಳುವಂತೆ ಅಂದಳು. "ಛತ್ರದಾಗೆ ನಾನೂ ಹಿಂಗೇ ಅಂದಿದ್ದು. ಸುಮ್ಕಿರವ್ವ ಅಂತ. ಸುಮ್ಕಾದ್ಲು."

ಅನುಸೂಯ ಪ್ರದೀಪನ ಕಡೆ ತಿರುಗಿದಳು.

"ಇನ್ನೊಂದ್ಸಲ ಹಾಕಣ್ಣ. ಆ ಕಿವಿಗ್ ಹಾಕ್ಕಣಾದು ಕೊಡು."

ತನ್ನ ಹೆಡ್‌ಫೋನನ್ನು ಅವಳ ತಲೆಗೆ ಸರಿಯಾಗಿ ಕೂರಿಸಿದ. ಎದ್ದು ಹೋಗಿ ಫ್ಯಾನ್ ಆರಿಸಿ ಬಂದ. ಕಿಟಕಿಯ ಆಚೆ ಯಲ್ಲಕ್ಕ ಯಾರನ್ನೋ ಕೂಗುತ್ತಿದ್ದಳು. ಕೌದಿಯನ್ನು ಇನ್ನಷ್ಟು ಬಿಗಿಯಾಗಿ ಎಳೆದ. ಆಮೇಲೆ ಫೈಲು ಹಾಕಿದ.

ಈಗ ಅವನಿಗೆ ಏನೂ ಕೇಳಿಸುತ್ತಿರಲಿಲ್ಲ. ಪರದೆಯ ಮೇಲೆ ಗೆರೆ ಉದ್ದಕ್ಕೂ ಚಪ್ಪಟೆಯಾಗಿ ಹರಿಯುತ್ತಿತ್ತು. ಹತ್ತು ಸೆಕೆಂಡು, ಇಪ್ಪತ್ತು ಸೆಕೆಂಡು. ಅನುಸೂಯಳ ಕಡೆ ನೋಡಿದ. ಅವಳು ಎರಡೂ ಕೈಯನ್ನು ಮಡಿಲಲ್ಲಿ ಅದುಮಿಟ್ಟುಕೊಂಡು, ತುಟಿ ಬಿಗಿದು, ಎದೆ ಅಲುಗಿಸದೆ ಕೂತಿದ್ದಳು. ಕತ್ತಿನ ನರ ಉಬ್ಬಿತ್ತು. ಮೂವತ್ತು ದಾಟಿತು. ಗೆರೆ ಮೇಲೆದ್ದಾಗ ಅವಳೂ ಬಾಯಿ ತೆರೆದು ಉಸಿರು ಬಿಟ್ಟಳು.